ಬಣ್ಣ ತುಂಬಿದ ಮದುವೆ ಫೋಟೋ

ಮನೋವಿಜ್ಞಾನಿ ಕಿಂಬರ್ಲಿ ವೇಡ್ ಮತ್ತು ಸಂಗಡಿಗರು 2002ರಲ್ಲಿ ಪ್ರಕಟಿಸಿದ ಪ್ರಯೋಗವೊಂದು ಈಚೆಗೆ ಪದೇ ಪದೇ ನೆನಪಾಗುತ್ತಿದೆ. 20 ಮಂದಿಗೆ ಅವರವರ ಬಾಲ್ಯದ ನಿಜವಾದ ಫೋಟೋಗಳ ನಡುವೆ, ಬಿಸಿಗಾಳಿಯ ಬಲೂನಿನಲ್ಲಿ ಕುಳಿತಂತೆ ಕಂಪ್ಯೂಟರಿನಲ್ಲಿ ಜೋಡಿಸಿದ ಒಂದು ಸುಳ್ಳು ಫೋಟೋವನ್ನೂ ತೋರಿಸಿ ಮತ್ತೆ ಮತ್ತೆ ವಿಚಾರಿಸಿದಾಗ, ಎಂದೂ ನಡೆಯದ ಆ ಹಾರಾಟವನ್ನು ಅರ್ಧದಷ್ಟು ಜನ ಪೂರ್ತಿಯಾಗಿಯೋ ಅಷ್ಟಿಷ್ಟೋ ನೆನಪಿಸಿಕೊಂಡರು. ಅಂದು ಅದಕ್ಕೆ ಫೋಟೋ ತಿದ್ದುವ ಕೌಶಲ ಬೇಕಿತ್ತು. ಇಂದು ಆ ಕೆಲಸವನ್ನು ಫೋನೇ ಮಾಡುತ್ತದೆ.

ನಮ್ಮ ಮನೆಯವರ ವಾಟ್ಸ್‌ಆ್ಯಪ್ ಗುಂಪಿನಲ್ಲಿ ಅಜ್ಜಿಯ ಮದುವೆಯ ಕಪ್ಪುಬಿಳುಪು ಫೋಟೋಗೆ ಎಐ ಆ್ಯಪ್‌ನಿಂದ ಬಣ್ಣ ತುಂಬಿ ಹಾಕಿದ್ದಾರೆ. ಸೀರೆ ಎಲೆಹಸಿರು, ಅಂಚು ಕೆಂಪು. ಮೂಲದಲ್ಲಿ ಮಸುಕಾಗಿದ್ದ ಮೂಗುತಿಗೆ ಈಗ ಬಿಳಿಯ ಹರಳುಗಳು ಬಂದಿವೆ. ಬೂದುಛಾಯೆಯೊಂದರಿಂದಲೇ ನಿಜವಾದ ಬಣ್ಣವನ್ನು ತಿಳಿಯಲಾಗದು. ತಾನು ಕಲಿತ ಅಸಂಖ್ಯ ಚಿತ್ರಗಳ ಆಧಾರದಿಂದ ಆ್ಯಪ್ ಮಾಡುವುದು ಊಹೆಯನ್ನಷ್ಟೇ. ಆದರೂ ಮನೆಯ ಮಕ್ಕಳು ಆಗಲೇ ‘ಅಜ್ಜಿಯ ಹಸಿರು ಸೀರೆ’ ಎನ್ನತೊಡಗಿದ್ದಾರೆ. ಚಿತ್ರ ಮುದ್ದಾಗಿದೆ, ಅದನ್ನು ಮಾಡಿದವರ ಪ್ರೀತಿಯೂ ನಿಜವೇ. ಮೂಲ ಪ್ರತಿಯನ್ನು ಮಾತ್ರ ಅಳಿಸಬೇಡಿ, ಹೊಸದರ ಕೆಳಗೆ ‘ಬಣ್ಣ ಊಹೆಯದು’ ಎಂದು ಬರೆದಿಡಿ ಎಂದು ಎಲ್ಲರನ್ನೂ ಕೇಳಿಕೊಂಡಿದ್ದೇನೆ. ಆ ಮದುವೆಯನ್ನು ಕಣ್ಣಾರೆ ಕಂಡ ದೊಡ್ಡತ್ತೆ ಇನ್ನೂ ನಮ್ಮೊಂದಿಗಿದ್ದಾರೆ; ಸೀರೆಯ ಬಣ್ಣ ಯಾವುದೆಂದು ಅವರನ್ನು ಕೇಳುವ ತನಕ ಯಾರೂ ಈ ಫೋಟೋವನ್ನು ಅವರಿಗೆ ತೋರಿಸಬಾರದು.