ಕಥೆಯೊಳಗಿನ ಮನೆಜಗಳ

ಕಥೆಗಳಲ್ಲಿ ಕೊಲೆ, ದರೋಡೆಗಿಂತ ಅಣ್ಣತಮ್ಮಂದಿರ ಜಗಳವೇ ನನ್ನನ್ನು ಜಾಸ್ತಿ ಹಿಡಿದು ಕೂರಿಸುತ್ತದೆ. ಹೊರಗಿನ ಶತ್ರುವಾದರೆ ದೂರ ಇಡಬಹುದು, ಒಡಹುಟ್ಟಿದವರನ್ನು ಬಿಟ್ಟು ಎಲ್ಲಿಗೆ ಹೋಗುತ್ತೀರಿ? ಮಾತು ಬಿಟ್ಟು ವರ್ಷಗಳಾದರೂ ಅಪ್ಪನಿಗೆ ಹುಷಾರಿಲ್ಲ ಅಂದರೆ ಇಬ್ಬರೂ ಒಂದೇ ಆಸ್ಪತ್ರೆಯ ಕಾರಿಡಾರಿನಲ್ಲಿ, ಮುಖ ಮುಖ ನೋಡದೆ, ಡಾಕ್ಟರಿಗಾಗಿ ಕಾಯಲೇಬೇಕು. ಬರೆಯುವವರಿಗೆ ಅಷ್ಟು ಸಾಕು. ಒಬ್ಬ ಸುಮ್ನೆ "ಊಟ ಆಯ್ತಾ" ಅಂತ ಕೇಳಿದರೂ ಅದರ ಹಿಂದೆ ಹಳೇ ಲೆಕ್ಕವೆಲ್ಲ ಇರುತ್ತದೆ, ಆಸ್ತಿ ಯಾರಿಗೆ ಹೋಯಿತು, ಅಮ್ಮ ಯಾರ ಪರ ನಿಂತಳು ಅನ್ನೋದೆಲ್ಲ.

ಮಹಾಭಾರತದಲ್ಲೂ ನನಗೆ ಯುದ್ಧಕ್ಕಿಂತ ಅದಕ್ಕೆ ಮೊದಲು ಕುಂತಿ ಕರ್ಣನ ಹತ್ತಿರ ಹೋಗುವ ಭಾಗವೇ ಇಷ್ಟ. ನಾನು ನಿನ್ನ ತಾಯಿ ಅನ್ನೋದನ್ನು ಅಷ್ಟು ತಡವಾಗಿ ಹೇಳುತ್ತಾಳೆ, ಅದೂ ಉಳಿದ ಮಕ್ಕಳ ಚಿಂತೆಯಲ್ಲಿ. ಅವನು ಪಕ್ಷ ಬಿಡಲ್ಲ ಅನ್ನುತ್ತಾನೆ. ಆದರೂ ಅರ್ಜುನನೊಬ್ಬನನ್ನು ಬಿಟ್ಟು ಬೇರೆಯವರನ್ನು ಕೊಲ್ಲಲ್ಲ, ಹೇಗಿದ್ದರೂ ನಿನಗೆ ಐದು ಮಕ್ಕಳು ಉಳಿಯುತ್ತಾರೆ ಅಂತ ಮಾತು ಕೊಟ್ಟು ಕಳಿಸುತ್ತಾನೆ. ಯಾರದ್ದು ತಪ್ಪು ಅಂತೀರಿ? ಇಬ್ಬರ ಮಾತೂ ಸರಿ ಅನ್ನಿಸುತ್ತೆ, ಅಲ್ವಾ.

ಅತ್ತೆ ಕೆಟ್ಟವಳು, ಸೊಸೆ ಒಳ್ಳೆಯವಳು ಅಂತ ಮೊದಲ ಕಂತಿನಲ್ಲೇ ತೀರ್ಮಾನ ಮಾಡಿಬಿಡುವ ಧಾರಾವಾಹಿಗಳು ನನಗೆ ಬೋರ್ ಹೊಡೆಸೋದು ಇದಕ್ಕೇ. ಅದರ ಮೇಲೆ ಆ ಹಿನ್ನೆಲೆ ಸಂಗೀತ ಬೇರೆ!