ಬೆಡಗಿನ ವಚನ ಬಿಡಿಸುವ ಬಗೆ

ಬೆಡಗು ಅಚ್ಚಗನ್ನಡದ ಮಾತು. ಮೊದಲರ್ಥ ಸೊಬಗು, ಬಿನ್ನಾಣ. ವಚನಕಾರರ ವಿಷಯಕ್ಕೆ ಬಂದಾಗ ಅದು ಅನುಭಾವವನ್ನು ಒಗಟಿನಲ್ಲಿ ಮುಚ್ಚಿಡುವ ರೀತಿಯ ಹೆಸರು. ಅಲ್ಲಮನದು ಇದರಲ್ಲಿ ಎತ್ತಿದ ಕೈ. ತಾಂತ್ರಿಕ ಯೋಗಿಗಳಾದ ಸಿದ್ಧರ ಸಂಧ್ಯಾಭಾಷೆ, ಅಂದರೆ ಗೂಢಾರ್ಥದ ಮಾತು, ಇದರ ಹತ್ತಿರದ ನೆಂಟ.

ಬಿಡಿಸುವಾಗ ಮೊದಲು ಅಂಕಿ ಹಿಡಿಯಿರಿ. ಐದು ಬಂದರೆ ಸಾಮಾನ್ಯವಾಗಿ ಇಂದ್ರಿಯ, ಆರು ಅರಿಷಡ್ವರ್ಗ, ಎಂಟು ಅಷ್ಟಮದ. ಆದರೆ ಷಟ್‌ಸ್ಥಲವೂ (ಶರಣರ ಸಾಧನೆಯ ಮೆಟ್ಟಿಲುಗಳು) ಆರೇ! ಇಲ್ಲೇ ಹೆಚ್ಚಿನವರು ಎಡವುವುದು. ಒಂದು ವಚನದ ಕೀಲಿ ಇನ್ನೊಂದಕ್ಕೆ ಕೂಡುವುದಿಲ್ಲ. ಆ ಆರು ಅಳಿಯುತ್ತವೋ, ಮೆಟ್ಟಿಲಾಗಿ ಏರುತ್ತವೋ ಎಂದು ಕ್ರಿಯಾಪದ ನೋಡಬೇಕು. ಪ್ರಾಣಿಗಳು ಆಮೇಲೆ. ಕೋಡಗ ಬಹುತೇಕ ಮನಸ್ಸು.

ವಿಜಯಪುರದ ಫ.ಗು. ಹಳಕಟ್ಟಿಯವರು 1923ರಲ್ಲಿ ವಚನಗಳ ಸಂಗ್ರಹವಾದ ‘ವಚನಶಾಸ್ತ್ರಸಾರ’ವನ್ನು ಬೆಳಗಾವಿಯಲ್ಲಿ ಅಚ್ಚು ಹಾಕಿಸಿದರು. ವಚನಗಳಿಗೆ ಅರ್ಥ ಬಿಡಿಸಿ ಬರೆದ ಹಳೆಯ ಟೀಕೆಗಳನ್ನೂ ಓದಿ, ಆದರೆ ವಚನವನ್ನು ಎರಡು ಸಲ ಗಟ್ಟಿಯಾಗಿ ಓದಿದ ಮೇಲೆ.