ನೀನೇ ನೋಡಿದ್ದಾ, ಯಾರಾದ್ರೂ ಹೇಳಿದ್ದಾ?

ಕೊಪ್ಪ, ಶೃಂಗೇರಿ ಕಡೆ ಪೊಲೀಸ್ ಗುಪ್ತವಾರ್ತೆಯಲ್ಲಿ ಕೆಲಸ ಮಾಡಿ ನಿವೃತ್ತನಾದವನು ನಾನು. ಈಗ ಚಿಕ್ಕಮಗಳೂರಿನಲ್ಲಿ ಇದ್ದುಕೊಂಡು ಬರೆಯುತ್ತೇನೆ, ನಕ್ಸಲ್ ವಿಷಯ ಬಂದಾಗ ಟಿವಿಯವರೂ ಕರೆಯುತ್ತಾರೆ. ಬರವಣಿಗೆಗೆ ಬರಬೇಕು ಅಂತಿರುವ ಇಲಾಖೆಯ ಕಿರಿಯರಿಗೆ ನಾನು ಹೇಳೋದು ಇಷ್ಟು.

2005ರ ಫೆಬ್ರವರಿಯಲ್ಲಿ ಮೆಣಸಿನಹಾಡ್ಯದ ಹತ್ತಿರ ನಕ್ಸಲ್ ನಾಯಕ ಸಾಕೇತ್ ರಾಜನ್ ಎನ್‌ಕೌಂಟರ್ ಆದ ಮೇಲೆ ನಮ್ಮ ಕಡೆ ಸುದ್ದಿಗೆ ಬರ ಇರಲಿಲ್ಲ. ಕಾಡಂಚಿನ ಮನೆಯಲ್ಲಿ ನಾಯಿ ಸ್ವಲ್ಪ ಜಾಸ್ತಿ ಬೊಗಳಿದರೂ ಸಾಕು, 'ಅವರು ಬಂದಿದ್ರಂತೆ'. ಒಮ್ಮೆ ಒಂದು ಕಾಫಿ ತೋಟದ ಲೆಕ್ಕ ಬರೆಯುವ ರೈಟರ್ (ಊರು, ಕಾಲ ಎರಡೂ ಬದಲಿಸಿಯೇ ಹೇಳುತ್ತಿದ್ದೇನೆ) ಬಂದು, ರಾತ್ರಿ ಕೂಲಿಯವರ ಲೈನ್ ಮನೆಗೆ ಬಂದೂಕು ಹಿಡಿದ ಐದು ಜನ ಬಂದು ಉಂಡು ಹೋದರು ಅಂದ. ನೀನೇ ನೋಡಿದ್ದಾ, ಯಾರಾದ್ರೂ ಹೇಳಿದ್ದಾ? ಪಕ್ಕದ ಮನೆ ಹೆಂಗಸು ಹೇಳಿದ್ದಂತೆ. ಆಕೆ ನೋಡಿದ್ದಾದರೂ ಏನು? ಬೆಳಿಗ್ಗೆ ನಲ್ಲಿ ಹತ್ತಿರ ತೊಳೆದಿಟ್ಟಿದ್ದ ಐದು ತಟ್ಟೆ ಜಾಸ್ತಿ. ಬಂದೂಕು ಇವನೇ ಸೇರಿಸಿದ್ದು. ವರದಿಯಲ್ಲಿ ತಟ್ಟೆ ಒಂದು ಸಾಲು, ಆಕೆಯ ಮಾತು ಇನ್ನೊಂದು, ಬಂದೂಕು ಊಹೆ ಅಂತ ಬೇರೆಯೇ ಹೋಗಬೇಕು. ಮೂರನ್ನೂ ಬೆರೆಸಿದರೆ ಮಾರನೇ ದಿನ ಕೂಂಬಿಂಗ್ ಅಂತ ಕಾಡು ಜಾಲಾಡೋದು ಶುರು, ಆ ಲೈನಿನ ಕೂಲಿಯವರೆಲ್ಲ ಠಾಣೆ ಬೆಂಚಿನ ಮೇಲೆ.

ಇದಕ್ಕೆ ಹಳೇ ಪದ್ಧತಿಯೇ ಇದೆ, ಬ್ರಿಟಿಷ್ ನೌಕಾಪಡೆಯ ಗುಪ್ತಚರರಿಂದ ಬಂದದ್ದು. ಸುದ್ದಿ ತಂದವನನ್ನು ಎಷ್ಟು ನಂಬಬಹುದು ಅನ್ನೋದಕ್ಕೆ ಎ ಇಂದ ಎಫ್‌ವರೆಗೆ ಒಂದು ಅಕ್ಷರ, ಸುದ್ದಿ ಎಷ್ಟು ನಿಜ ಇರಬಹುದು ಅನ್ನೋದಕ್ಕೆ 1ರಿಂದ 6ರವರೆಗೆ ಒಂದು ಅಂಕಿ. ನಂಬಿಕಸ್ಥನೂ ತಪ್ಪು ಸುದ್ದಿ ತರುತ್ತಾನೆ, ಸುಳ್ಳುಗಾರನೂ ಒಮ್ಮೊಮ್ಮೆ ನಿಜ ಹೇಳುತ್ತಾನೆ, ಅಲ್ವಾ?

ಬರೆಯೋಕೆ ಕೂತಾಗ ಕಷ್ಟ ಶುರುವಾಗುತ್ತದೆ. ನಿಮಗೆ ಹೇಗೆ ಗೊತ್ತು ಅಂತ ಈಗ ಓದುಗರು ನಮ್ಮನ್ನು ಕೇಳುತ್ತಾರೆ. ನ್ಯಾಯವಾದ ಪ್ರಶ್ನೆಯೇ, ಆದರೆ ಪೂರ್ತಿ ಉತ್ತರ ಕೊಟ್ಟರೆ ಆ ತಟ್ಟೆ ಎಣಿಸಿದ ಹೆಂಗಸು ಸಿಕ್ಕಿಬೀಳುತ್ತಾಳೆ. 2025ರ ಜನವರಿ 8ರಂದು ಮುಂಡಗಾರು ಲತಾ ಸೇರಿ ಆರು ಜನ ನಕ್ಸಲರು ಶರಣಾದಾಗ, ಇಷ್ಟು ವರ್ಷ ಅನ್ನ ಹಾಕಿದ್ದು ಯಾರು, ನಿಮಗೆ ಸುದ್ದಿ ಕೊಡುತ್ತಿದ್ದವರು ಯಾರು ಅಂತ ಟಿವಿ ಚರ್ಚೆಯಲ್ಲಿ ಮತ್ತೆ ಮತ್ತೆ ಕೇಳಿದರು. ಅನ್ನ ಹಾಕಿದವರೂ ಸುದ್ದಿ ಕೊಟ್ಟವರೂ ಇವತ್ತಿಗೂ ಅಕ್ಕಪಕ್ಕದ ಮನೆಯವರು, ಕೆಲವು ಕಡೆ ಇಬ್ಬರೂ ಒಬ್ಬರೇ. ನಾನು ಹೇಳಲಿಲ್ಲ, ಮುಂದೆಯೂ ಹೇಳೋದಿಲ್ಲ.

ಈ ದಾರಿಯಲ್ಲಿ ನಾನು ದೊಡ್ಡವರು ಅಂತ ನೋಡೋದು ಬಿ. ರಾಮನ್ ಅವರನ್ನು. ಭಾರತದ ವಿದೇಶಿ ಗುಪ್ತಚರ ಸಂಸ್ಥೆ ರಾದಲ್ಲಿ ಭಯೋತ್ಪಾದನೆ ನಿಗ್ರಹ ವಿಭಾಗದ ಮುಖ್ಯಸ್ಥರಾಗಿದ್ದು 1994ರಲ್ಲಿ ನಿವೃತ್ತರಾದರು. 2013ರಲ್ಲಿ ತೀರಿಕೊಂಡರು. ಕ್ಯಾನ್ಸರ್ ಇದ್ದಾಗಲೂ ಬರೆಯೋದು ಬಿಡಲಿಲ್ಲ, ಅದೂ ಇಲಾಖೆ ಟಿಪ್ಪಣಿ ಥರ ಪ್ಯಾರಾಗಳಿಗೆ ನಂಬರ್ ಹಾಕಿ. 1993ರ ಮುಂಬೈ ಸ್ಫೋಟದ ಅಪರಾಧಿ ಯಾಕೂಬ್ ಮೆಮನ್‌ನ ಬಂಧನದ ಕಾರ್ಯಾಚರಣೆ ಹತ್ತಿರದಿಂದ ಬಲ್ಲವರು ಅವರು. ಅವನಿಗೆ ಗಲ್ಲು ಬೇಡ ಅಂತ 2007ರಲ್ಲೇ ಲೇಖನ ಬರೆದು, ಅಚ್ಚು ಹಾಕೋದು ಬೇಡ ಅಂತ ತಾವೇ ತಡೆದರು. ಅದು ಹೊರಬಂದದ್ದು 2015ರ ಜುಲೈನಲ್ಲಿ, ಮೆಮನ್‌ನ ಗಲ್ಲಿಗೆ ಕೆಲವೇ ದಿನ ಇದ್ದಾಗ. ಅಷ್ಟು ಗೌರವ ಇಟ್ಟುಕೊಂಡೂ ಈ ಒಂದು ವಿಷಯದಲ್ಲಿ ನಾನು ಅವರ ಜೊತೆ ಇಲ್ಲ. ಸುದ್ದಿ ಕೊಟ್ಟವರ ಜೀವ ಉಳಿಸೋಕೆ ಸುಮ್ನಿರಬೇಕು, ಸರಿ. ಮಾತಾಡಿದರೆ ಒಂದು ಜೀವ ಉಳಿಯಬಹುದು ಅನ್ನೋವಾಗ ಬದುಕಿರುವಾಗಲೇ ಮಾತಾಡಬೇಕಿತ್ತು.

ನಾನೀಗ ಬರೆಯುತ್ತಿರೋದು ಕುದುರೆಮುಖ ರಾಷ್ಟ್ರೀಯ ಉದ್ಯಾನದ ಬಗ್ಗೆ, ಒಕ್ಕಲೆಬ್ಬಿಸುತ್ತಾರೆ ಅನ್ನೋ ಭಯ ಹುಡುಗ ಹುಡುಗಿಯರನ್ನು ಹೇಗೆ ಕಾಡಿಗೆ ಕರೆದುಕೊಂಡು ಹೋಯಿತು ಅಂತ. ಅದಕ್ಕೆ ಸರ್ಕಾರಿ ಆದೇಶ, ಕೋರ್ಟ್ ದಾಖಲೆ ಬೇಕಾದಷ್ಟಿವೆ. ನಿಮಗೆ ಹೇಗೆ ಗೊತ್ತು ಅಂತ ಕೇಳಿದವರಿಗೆ ಪುಟದ ನಂಬರ್ ಕೊಡುತ್ತೇನೆ.